ಕರಗಲೊಲ್ಲದ ಚೀಸು, ಕಾದು ಕೆಂಪಾದ ಮ್ಯಾಕರೋನಿ

ಮೇಕೆ ಹಾಲಿನ ತಾಜಾ ಚೀಸ್ ಬಿಸಿಗೆ ಬಗ್ಗುವುದಿಲ್ಲ, ಎಳೆ ಬಿಡುವುದಿಲ್ಲ. ಅದನ್ನು ಹಾಕಿ ಬೇಕ್ಡ್ ಮ್ಯಾಕರೋನಿ ಮಾಡುವವರು ಮೊದಲು ಅದರ ಸ್ವಭಾವ ಅರಿಯಬೇಕು. ಉಳಿದ ಕೆಲಸ, ಮಜ್ಜಿಗೆ ಹುಳಿ ಕುದಿಸಿ ಅಭ್ಯಾಸವಿರುವ ಯಾರಿಗಾದರೂ ಕೈಗೆ ಬರುವಂಥದ್ದು.

ಕಾದ ಹೆಂಚಿನ ಮೇಲೆ ಒಂದು ತುಂಡು ಮೊಝರೆಲ್ಲಾ, ಪಕ್ಕದಲ್ಲಿ ಅಷ್ಟೇ ಗಾತ್ರದ ತಾಜಾ ಮೇಕೆ ಚೀಸ್ ಇಟ್ಟು ನೋಡಿ. ಎರಡು ನಿಮಿಷಕ್ಕೆ ಮೊಝರೆಲ್ಲಾ ಮೈ ಸಡಿಲಿಸಿ ಹರಡಿಕೊಳ್ಳುತ್ತದೆ. ಚಮಚದಲ್ಲಿ ಎತ್ತಿದರೆ ಉದ್ದುದ್ದ ಎಳೆ ಬಿಡುತ್ತದೆ. ಮೇಕೆ ಚೀಸ್ ಕೂತಲ್ಲಿಂದ ಕದಲುವುದಿಲ್ಲ. ಅಡಿ ಕೆಂಪಗಾಗುತ್ತದೆ, ಒಳಗೆ ಮೆತ್ತಗಾಗುತ್ತದೆ, ಅಂಚಿನಲ್ಲಿ ಹನಿ ನೀರು ಜಿನುಗುತ್ತದೆ. ಹರಿಯುವುದು ಮಾತ್ರ ಇಲ್ಲ.

ಬೇಕ್ಡ್ ಮ್ಯಾಕರೋನಿಯ ಜೀವವೇ ಕರಗಿದ ಚೀಸು. ಅದಕ್ಕೆ ಕರಗದ ಚೀಸನ್ನು ಹಾಕಹೊರಟರೆ? ಚೆಡ್ಡರ್ ಇದ್ದ ಜಾಗದಲ್ಲಿ ಅಷ್ಟೇ ತೂಕದ ಮೇಕೆ ಚೀಸ್ ಸುರಿದು ಓವನ್ನಿಗೆ ಇಟ್ಟವರಿಗೆ ಸಿಗುವುದು ಒಣಗಿದ ಕೊಳವೆಗಳು, ನಡುನಡುವೆ ರವೆ ರವೆಯಾದ ಬಿಳಿ ಉಂಡೆಗಳು, ತಳದಲ್ಲಿ ಒಂದಿಷ್ಟು ನೀರು. ಹಾಗಿದ್ದೂ ಈ ಜೋಡಿಯನ್ನು ಬಿಡಲು ಮನಸ್ಸಾಗದು. ಬೆಣ್ಣೆ, ಹಾಲು, ಹಿಟ್ಟು ಸೇರಿ ಭಾರವಾಗುವ ಈ ತಿನಿಸಿಗೆ ಮೇಕೆ ಚೀಸಿನ ಎಳೆಹುಳಿ ಬೇಕೇ ಬೇಕೆನಿಸುವಂತೆ ಒಗ್ಗುತ್ತದೆ. ಮೂರು ತುತ್ತಿಗೆ ಬಾಯಿ ಕಟ್ಟುವ ಮ್ಯಾಕರೋನಿ, ಆ ಹುಳಿ ಸೇರಿದರೆ ತಟ್ಟೆ ಖಾಲಿಯಾಗುವವರೆಗೂ ರುಚಿ ಕಳೆದುಕೊಳ್ಳದು.

ಹಾಗಾದರೆ ದಾರಿ ಒಂದೇ. ಕರಗುವ ಕೆಲಸವನ್ನು ಚೀಸಿಗೆ ಹೇಳದೆ ಸಾಸಿಗೆ ಹೇಳಬೇಕು.

ಹುಳಿಯ ಕಟ್ಟು, ರೆನ್ನೆಟ್ಟಿನ ಕಟ್ಟು

ಹಾಲಿನಲ್ಲಿ ಕೇಸೀನ್ ಎಂಬ ಪ್ರೋಟೀನು ಕಣ್ಣಿಗೆ ಕಾಣದ ಸಣ್ಣ ಸಣ್ಣ ಗುಂಪುಗಳಾಗಿ ತೇಲುತ್ತಿರುತ್ತದೆ. ಆ ಗುಂಪುಗಳನ್ನು ಒಳಗಿನಿಂದ ಹಿಡಿದಿಡುವುದರಲ್ಲಿ ಕ್ಯಾಲ್ಸಿಯಂನ ಪಾಲು ದೊಡ್ಡದು. ಹಾಲನ್ನು ಗಟ್ಟಿ ಮಾಡಲು ಎರಡು ದಾರಿ. ಕಿಣ್ವ ಹಾಕುವುದು ಒಂದು, ಅದೇ ರೆನ್ನೆಟ್. ಹುಳಿಯಾಗಲು ಬಿಡುವುದು ಇನ್ನೊಂದು.

ಚೆಡ್ಡರ್, ಗೌಡಾ, ಮೊಝರೆಲ್ಲಾಗಳು ಮುಖ್ಯವಾಗಿ ರೆನ್ನೆಟ್ಟಿನಿಂದ ಕಟ್ಟಿದವು. ಅವುಗಳಲ್ಲಿ ಹುಳಿ ಮಿತವಾಗಿ, ಪಿಎಚ್ 5.2ರ ಆಸುಪಾಸಿನಲ್ಲಿ ನಿಲ್ಲುತ್ತದೆ. ಕ್ಯಾಲ್ಸಿಯಂ ಬೇಕಾದಷ್ಟು ಒಳಗೇ ಉಳಿದಿರುತ್ತದೆ. ಬಿಸಿ ತಗುಲಿದಾಗ ಪ್ರೋಟೀನಿನ ಬಲೆ ಸಡಿಲವಾಗಿ, ಕೊಬ್ಬು ಕರಗಿ, ಇಡೀ ಚೀಸು ಜಾರತೊಡಗುತ್ತದೆ.

ಫ್ರೆಂಚರು ಶೆವ್ರ್ ಎನ್ನುವ ತಾಜಾ ಮೇಕೆ ಚೀಸಿನ ಕಥೆ ಬೇರೆ. ಅಲ್ಲಿ ರೆನ್ನೆಟ್ ಹಾಕುವುದು ಹನಿ ಲೆಕ್ಕದಲ್ಲಿ. ಹಾಲು ಇಡೀ ರಾತ್ರಿ ಕೂತು ನಿಧಾನವಾಗಿ ಹುಳಿಯಾಗುತ್ತದೆ. ಪಿಎಚ್ 4.6ರ ಹತ್ತಿರ ಇಳಿಯುವ ಹೊತ್ತಿಗೆ ಕ್ಯಾಲ್ಸಿಯಂ ಕರಗಿ ಹಾಲೊಡಕಿನ ನೀರಿನ ಜೊತೆ ಹೊರಗೆ ಹೋಗಿರುತ್ತದೆ. ಆಗ ಪ್ರೋಟೀನುಗಳು ಒಂದನ್ನೊಂದು ನೇರವಾಗಿಯೇ ಅಂಟಿಕೊಳ್ಳುತ್ತವೆ. ಬಿಸಿ ತಗುಲಿದರೆ ಆ ಹಿಡಿತ ಸಡಿಲವಾಗುವ ಬದಲು ಇನ್ನಷ್ಟು ಬಿಗಿಯಾಗಿ, ಒಳಗಿದ್ದ ನೀರನ್ನು ಹಿಂಡಿ ಹೊರಹಾಕುತ್ತದೆ. ನಮ್ಮ ಪನೀರ್ ಗ್ರೇವಿಯಲ್ಲಿ ಎಷ್ಟು ಕುದಿದರೂ ಚೌಕ ಚೌಕವಾಗಿಯೇ ಉಳಿಯುವುದರ ಹಿಂದೆಯೂ ಇಂಥದೇ ಹುಳಿಯ ಕಟ್ಟಿದೆ.

ಹಾಗೆಂದು ಮೇಕೆ ಹಾಲಿನ ಎಲ್ಲ ಚೀಸೂ ಹೀಗಲ್ಲ. ಮೇಕೆ ಹಾಲಿನಿಂದ ಮಾಡಿ ಮಾಗಿಸಿದ ಗೌಡಾ ಹಸುವಿನ ಹಾಲಿನ ಗೌಡಾದಂತೆಯೇ ಕರಗುತ್ತದೆ. ಪ್ರಾಣಿ ಯಾವುದು ಎನ್ನುವುದಕ್ಕಿಂತ ಹಾಲನ್ನು ಕಟ್ಟಿದ ಬಗೆ ಇಲ್ಲಿ ಮುಖ್ಯ.

ಮಜ್ಜಿಗೆ ಹುಳಿಯ ಉಪಾಯ

ಹುಳಿ ಬಂದ ಹಾಲಿನ ಪದಾರ್ಥವನ್ನು ಒಡೆಯದಂತೆ ಬಿಸಿ ಮಾಡುವುದು ನಮ್ಮ ಅಡುಗೆಮನೆಗೆ ಹೊಸತೇನಲ್ಲ. ಬರೀ ಮಜ್ಜಿಗೆಯನ್ನು ಒಲೆಯ ಮೇಲಿಟ್ಟು ಕುದಿಸಿದರೆ ಮೇಲೆ ನೀರು, ಕೆಳಗೆ ಕಾಳುಕಾಳು. ಮಜ್ಜಿಗೆ ಹುಳಿಗೆ ನೆನೆಸಿದ ಕಡಲೆಬೇಳೆಯನ್ನೋ ಒಂದಿಷ್ಟು ಅಕ್ಕಿಯನ್ನೋ ಕಾಯಿ, ಹಸಿಮೆಣಸಿನಕಾಯಿ, ಜೀರಿಗೆಯ ಜೊತೆ ನುಣ್ಣಗೆ ರುಬ್ಬಿ ಸೇರಿಸುತ್ತೇವೆ. ಮಜ್ಜಿಗೆಯನ್ನು ಕಡೆಗೆ ಹಾಕಿ, ಉರಿ ತಗ್ಗಿಸಿ, ಒಂದು ಕುದಿ ಬರುವ ಹೊತ್ತಿಗೆ ಇಳಿಸುತ್ತೇವೆ. ರುಬ್ಬಿದ್ದರಲ್ಲಿರುವ ಪಿಷ್ಟ ಬಿಸಿ ನೀರಿನಲ್ಲಿ ಉಬ್ಬಿ ಸಾರನ್ನು ಮಂದ ಮಾಡುತ್ತದೆ. ಹಾಲಿನ ಪ್ರೋಟೀನುಗಳ ನಡುವೆ ಅಡ್ಡ ನಿಂತು ಅವು ಒಂದಕ್ಕೊಂದು ಅಂಟಿ ಗಡ್ಡೆಯಾಗುವುದನ್ನು ತಡೆಯುತ್ತದೆ.

ವೈಟ್ ಸಾಸ್ ಮಾಡುವುದೂ ಇದನ್ನೇ. ಕಡಲೆಬೇಳೆಯ ಜಾಗದಲ್ಲಿ ಮೈದಾ, ಒಗ್ಗರಣೆಯ ಎಣ್ಣೆಯ ಜಾಗದಲ್ಲಿ ಬೆಣ್ಣೆ. ಬೆಣ್ಣೆಯಲ್ಲಿ ಹುರಿದ ಮೈದಾದ ಪಿಷ್ಟ ಹಾಲಿನಲ್ಲಿ ಉಬ್ಬಿದ ಮೇಲೆ, ಅದರೊಳಕ್ಕೆ ಬೆರೆತ ಮೇಕೆ ಚೀಸಿನ ಕಣಗಳು ಮತ್ತೆ ಒಂದುಗೂಡಲಾರವು. ಚೀಸು ವಿಜ್ಞಾನದ ಅರ್ಥದಲ್ಲಿ ಕರಗಿರುವುದಿಲ್ಲ. ನಾಲಿಗೆಗೆ ತಿಳಿಯದಷ್ಟು ಸಣ್ಣಗೆ ಹರಡಿಕೊಂಡಿರುತ್ತದೆ. ತಿನ್ನುವವರಿಗೆ ಎರಡೂ ಒಂದೇ. ಜೊತೆಗೆ, ಸಾಸಿನ ಹಾಲು ಚೀಸಿನ ಹುಳಿಯನ್ನು ತೆಳುಗೊಳಿಸುವುದರಿಂದ ಒಡೆಯುವ ಭಯ ಇನ್ನಷ್ಟು ಕಡಿಮೆ.

ಮಜ್ಜಿಗೆ ಹುಳಿಯ ಎರಡು ಶಿಸ್ತನ್ನು ಇಲ್ಲಿಗೂ ತರಬೇಕು: ಹುಳಿಯದ್ದನ್ನು ಕಡೆಗೆ ಹಾಕುವುದು, ಹಾಕಿದ ಮೇಲೆ ಕುದಿಸದಿರುವುದು.

ಒಂದೇ ಪ್ರಶ್ನೆಗೆ ನಾಲ್ಕು ಉತ್ತರ

ಹಿಟ್ಟಿನ ತಿನಿಸಿಗೆ ಚೀಸ್ ಬೆರೆಸುವುದು ಯುರೋಪಿನಲ್ಲಿ ಮಧ್ಯಯುಗದಿಂದಲೇ ಇದೆ, ಅದನ್ನು ಒಡೆಯದಂತೆ ಕರಗಿಸುವುದು ಹೇಗೆ ಎಂಬ ಪ್ರಶ್ನೆಯೂ ಅದರ ಜೊತೆಗೇ. 14ನೇ ಶತಮಾನದ ಸುಮಾರಿಗೆ ಸೇರುವ ‘ಲಿಬೆರ್ ದೆ ಕೊಕ್ವಿನಾ’ ಎಂಬ ಲ್ಯಾಟಿನ್ ಅಡುಗೆ ಪುಸ್ತಕದಲ್ಲಿ ಲಟ್ಟಿಸಿ ಬೇಯಿಸಿದ ಹಿಟ್ಟಿನ ಹಾಳೆಗಳ ನಡುವೆ ತುರಿದ ಚೀಸ್ ಉದುರಿಸುವ ವಿಧಾನವಿದೆ. ಇಂಗ್ಲೆಂಡಿನಲ್ಲಿ ಎರಡನೆಯ ರಿಚರ್ಡನ ಬಾಣಸಿಗರದೆಂದು ಹೇಳುವ, 1390ರ ಆಸುಪಾಸಿನ ‘ದಿ ಫಾರ್ಮ್ ಆಫ್ ಕ್ಯೂರಿ’ಯಲ್ಲಿ ‘ಮ್ಯಾಕರೌನ್ಸ್’ ಇದೆ: ತೆಳ್ಳಗೆ ಲಟ್ಟಿಸಿ ಕತ್ತರಿಸಿದ ಹಿಟ್ಟು, ಕುದಿನೀರಿನಲ್ಲಿ ಬೇಯಿಸಿ, ಮೇಲೆ ತುರಿದ ಚೀಸು ಮತ್ತು ಬೆಣ್ಣೆ. ಇದು ಮೊದಲನೆಯ ಉತ್ತರ. ಚೀಸನ್ನು ತುರಿದು ಬಿಸಿಯ ಮೇಲೆ ಚೆಲ್ಲುವುದು, ಕರಗಿದಷ್ಟು ಕರಗಲಿ.

ಎರಡನೆಯ ಉತ್ತರ ಹಿಟ್ಟಿನದು. ಮ್ಯಾಂಚೆಸ್ಟರಿನ ಎಲಿಜಬೆತ್ ರ‍್ಯಾಫಲ್ಡ್ 1769ರಲ್ಲಿ ಪ್ರಕಟಿಸಿದ ‘ದಿ ಎಕ್ಸ್‌ಪೀರಿಯನ್ಸ್ಡ್ ಇಂಗ್ಲಿಷ್ ಹೌಸ್‌ಕೀಪರ್’ ಪುಸ್ತಕದಲ್ಲಿ ಬೆಂದ ಮ್ಯಾಕರೋನಿಗೆ ಕೆನೆಯನ್ನೂ ಹಿಟ್ಟಿನಲ್ಲಿ ಹೊರಳಿಸಿದ ಬೆಣ್ಣೆಯನ್ನೂ ಸೇರಿಸಿ ಕುದಿಸಿ, ಮೇಲೆ ಪಾರ್ಮೆಸಾನ್ ಚೀಸ್ ಹಾಕುವ ವಿಧಾನ ಬರುತ್ತದೆ. ಇವತ್ತಿನ ವೈಟ್ ಸಾಸ್ ಮ್ಯಾಕರೋನಿಯ ಅಸ್ತಿವಾರ ಇಷ್ಟೇ.

ಅಟ್ಲಾಂಟಿಕ್ ದಾಟಿದ ಮೇಲೆ ಇದರ ಕಥೆಯಲ್ಲಿ ಬೇರೆ ಜನ ಬರುತ್ತಾರೆ. ಥಾಮಸ್ ಜೆಫರ್ಸನ್ 1784ರಲ್ಲಿ ಪ್ಯಾರಿಸ್ಸಿಗೆ ಹೋದಾಗ ತನ್ನ ಗುಲಾಮನಾಗಿದ್ದ 19ರ ಹರೆಯದ ಜೇಮ್ಸ್ ಹೆಮಿಂಗ್ಸನನ್ನು ಫ್ರೆಂಚ್ ಅಡುಗೆ ಕಲಿಯಲೆಂದು ಕರೆದೊಯ್ದ. ಹೆಮಿಂಗ್ಸ್ ಕಲಿತು ಮರಳಿ, ತನ್ನ ತಮ್ಮ ಪೀಟರನಿಗೆ ಆ ವಿದ್ಯೆ ದಾಟಿಸಿದ ಮೇಲಷ್ಟೇ 1796ರಲ್ಲಿ ಬಿಡುಗಡೆ ಪಡೆದ, 1801ರಲ್ಲಿ ತೀರಿಕೊಂಡ. ಮರುವರ್ಷ ಅಧ್ಯಕ್ಷ ಜೆಫರ್ಸನ್ ಕೊಟ್ಟ ಔತಣದಲ್ಲಿ ಮ್ಯಾಕರೋನಿ ಪೈ ಬಡಿಸಿದ್ದನ್ನು ಮನಾಸೆ ಕಟ್ಲರ್ ಎಂಬ ಅತಿಥಿ ಬರೆದಿಟ್ಟಿದ್ದಾನೆ. ಅವನಿಗೆ ಅದು ರುಚಿಸಲಿಲ್ಲ. 1824ರಲ್ಲಿ ಮೇರಿ ರ‍್ಯಾಂಡಾಲ್ಫ್ ತನ್ನ ‘ದಿ ವರ್ಜೀನಿಯಾ ಹೌಸ್‌ವೈಫ್’ ಪುಸ್ತಕದಲ್ಲಿ ಮ್ಯಾಕರೋನಿ, ಚೀಸು, ಬೆಣ್ಣೆಯನ್ನು ಪದರ ಪದರವಾಗಿ ಜೋಡಿಸಿ ಬೇಯಿಸುವುದನ್ನು ಹೇಳಿದಳು. ಶ್ರೀಮಂತರ ಮೇಜಿಗೆ ಇದನ್ನು ಮಾಡುತ್ತಿದ್ದವರು ಹೆಚ್ಚಾಗಿ ಕಪ್ಪು ಜನರು. ಇವತ್ತಿಗೂ ಆಫ್ರಿಕನ್ ಅಮೆರಿಕನ್ ಮನೆಗಳ ಭಾನುವಾರದ ಊಟ, ಹಬ್ಬದೂಟಗಳಲ್ಲಿ ಬೇಕ್ಡ್ ಮ್ಯಾಕರೋನಿಗೆ ಇರುವ ಮರ್ಯಾದೆಯೇ ಬೇರೆ.

ಮೂರನೆಯ ಉತ್ತರ ಬಂದದ್ದು ಕಾರ್ಖಾನೆಯಿಂದ. ಸ್ವಿಟ್ಜರ್ಲೆಂಡಿನ ವಾಲ್ಟರ್ ಗೆರ್ಬರ್ ಮತ್ತು ಫ್ರಿಟ್ಸ್ ಸ್ಟೆಟ್ಲರ್ 1911ರಲ್ಲಿ ಚೀಸಿಗೆ ಸೋಡಿಯಂ ಸಿಟ್ರೇಟ್ ಬೆರೆಸಿ ಬಿಸಿ ಮಾಡಿದಾಗ ಕೊಬ್ಬು ಬೇರೆಯಾಗದೆ ನಯವಾಗಿ ಉಳಿಯಿತು. ಸಿಟ್ರೇಟು ಪ್ರೋಟೀನಿನಿಂದ ಕ್ಯಾಲ್ಸಿಯಂ ಕಸಿದು ಸೋಡಿಯಂ ಕೊಡುತ್ತದೆ. ಸಡಿಲವಾದ ಪ್ರೋಟೀನು ಕೊಬ್ಬನ್ನೂ ನೀರನ್ನೂ ಒಟ್ಟಿಗೆ ಹಿಡಿಯುತ್ತದೆ. ಅಮೆರಿಕದಲ್ಲಿ ಜೇಮ್ಸ್ ಕ್ರಾಫ್ಟ್ 1916ರಲ್ಲಿ ಸಂಸ್ಕರಿಸಿದ ಚೀಸಿಗೆ ಪೇಟೆಂಟ್ ಪಡೆದ. ಆರ್ಥಿಕ ಕುಸಿತದ ಕಾಲದಲ್ಲಿ, 1937ರಲ್ಲಿ, ನಾಲ್ಕು ಜನರ ಊಟ 19 ಸೆಂಟಿಗೆ ಎಂದು ಪೊಟ್ಟಣದ ಮ್ಯಾಕರೋನಿ ಮಾರಾಟಕ್ಕೆ ಬಂತು. ನಮ್ಮ ಫ್ರಿಜ್ಜಿನಲ್ಲಿರುವ ಚೀಸ್ ಕ್ಯೂಬು ಇದೇ ವಂಶದ್ದು.

ನಾಲ್ಕನೆಯದು ಕಾರ್ಖಾನೆಯ ಉಪ್ಪು ಮನೆಗೆ ಬಂದದ್ದು. ನೇಥನ್ ಮಿರ್ವೊಲ್ಡ್ ಮತ್ತು ಸಂಗಡಿಗರು 2011ರಲ್ಲಿ ತಂದ ‘ಮಾಡರ್ನಿಸ್ಟ್ ಕ್ವಿಸೀನ್’ ಸಂಪುಟಗಳ ನಂತರ, ಹಿಟ್ಟೇ ಇಲ್ಲದೆ ಚಿಟಿಕೆ ಸೋಡಿಯಂ ಸಿಟ್ರೇಟಿನಿಂದ ಚೀಸ್ ಸಾಸ್ ಮಾಡುವುದು ಹವ್ಯಾಸಿ ಅಡುಗೆಗಾರರ ನಡುವೆ ಹರಡಿತು. ಕ್ಯಾಲ್ಸಿಯಂ ತುಂಬಿದ ಚೆಡ್ಡರಿಗೆ ಅದು ಹೇಳಿಮಾಡಿಸಿದ್ದು. ಆಗಲೇ ಕ್ಯಾಲ್ಸಿಯಂ ಕಳೆದುಕೊಂಡ ಹುಳಿ ಮೇಕೆ ಚೀಸಿಗೆ 1769ರ ಹಿಟ್ಟೇ ನಂಬಿಗಸ್ತ.

ಲುವಾರ್ ನದಿಯಿಂದ ನಮ್ಮ ಹಟ್ಟಿಯವರೆಗೆ

ತಾಜಾ ಮೇಕೆ ಚೀಸಿನ ತವರು ಎಂದರೆ ಫ್ರಾನ್ಸಿನ ಲುವಾರ್ ನದಿಯ ಸೀಮೆ. ನಡುವೆ ಹುಲ್ಲುಕಡ್ಡಿ ತೂರಿಸಿದ ಉದ್ದನೆಯ ಸೇಂತ್ ಮೋರ್, ತಲೆ ಕತ್ತರಿಸಿದ ಪಿರಮಿಡ್ಡಿನ ಆಕಾರದ, ಬೂದಿ ಬಳಿದ ವಲಾಂಸೇ, ಅಂಗೈಯಲ್ಲಿ ಮುಚ್ಚಿಡಬಹುದಾದ ಕ್ರೊಟ್ಟಾಂ ದ ಶವಿನ್ಯೋಲ್ ಎಲ್ಲ ಅಲ್ಲಿಯವು. ಕ್ರೊಟ್ಟಾಂಗೆ 1976ರಲ್ಲೂ ಸೇಂತ್ ಮೋರ್‌ಗೆ 1990ರಲ್ಲೂ ಸ್ಥಳನಾಮದ ಕಾನೂನು ರಕ್ಷಣೆ ಸಿಕ್ಕಿತು. ಫ್ರೆಂಚರು ಮೇಕೆ ಚೀಸನ್ನು ಬ್ರೆಡ್ಡಿನ ಮೇಲಿಟ್ಟು ಬಿಸಿ ಮಾಡಿ ಸಲಾಡಿನ ಜೊತೆ ಕೊಡುತ್ತಾರೆ. ಬಿಸಿಯಾದರೂ ಆಕಾರ ಬಿಡದ ಗುಣವೇ ಅಲ್ಲಿ ಲಾಭ. ಕ್ಯಾಲಿಫೋರ್ನಿಯಾದಲ್ಲಿ ಲಾರಾ ಶೆನೆಲ್ 1970ರ ದಶಕದ ಕೊನೆಗೆ ಮೇಕೆ ಚೀಸ್ ಮಾಡತೊಡಗಿದಳು; ಆಲಿಸ್ ವಾಟರ್ಸಳ ‘ಶೆ ಪಾನೀಸ್’ ಹೋಟೆಲು ಅದಕ್ಕೆ ಬ್ರೆಡ್ ಪುಡಿ ಹೊದಿಸಿ ಓವನ್ನಿನಲ್ಲಿ ಬಿಸಿ ಮಾಡಿ ಸೊಪ್ಪಿನ ಸಲಾಡಿನ ಮೇಲಿಟ್ಟಿತು. ಅಮೆರಿಕನ್ನರಿಗೆ ಈ ಚೀಸಿನ ರುಚಿ ಹತ್ತಿದ್ದು ಬಹುಪಾಲು ಹಾಗೆ.

ಮೇಕೆ ಸಾಕಣೆಯಲ್ಲಿ ನಾವು ಹಿಂದೆ ಬಿದ್ದವರಲ್ಲ. 2019ರ ಜಾನುವಾರು ಗಣತಿಯಂತೆ ದೇಶದಲ್ಲಿ ಸುಮಾರು 14.9 ಕೋಟಿ ಮೇಕೆಗಳಿದ್ದವು. ಮೇಕೆ ಹಾಲಿನ ಉತ್ಪಾದನೆಯಲ್ಲಿ ಭಾರತವೇ ಜಗತ್ತಿಗೆ ಮುಂದು. ಆದರೂ ನಮ್ಮ ನಂದಿದುರ್ಗ, ಬೀದರಿ ತಳಿಗಳನ್ನು ಸಾಕುವುದು ಮುಖ್ಯವಾಗಿ ಮಾಂಸಕ್ಕೆ. ಹಾಲು ಮರಿಗಳಿಗೆ, ಮನೆಯ ಚಹಾಕ್ಕೆ. ಪೇಟೆಯವರು ಮೇಕೆ ಹಾಲು ಹುಡುಕಿಕೊಂಡು ಹೋಗುವುದು ಡೆಂಗಿ ಬಂದಾಗ. ಪ್ಲೇಟ್‌ಲೆಟ್ ಏರುತ್ತದೆ ಎಂಬ ಆ ನಂಬಿಕೆಗೆ ಗಟ್ಟಿಯಾದ ವೈದ್ಯಕೀಯ ಪುರಾವೆ ಇಲ್ಲ, ಹಾಲಿನ ಬೆಲೆ ಏರುವುದು ಮಾತ್ರ ನಿಜ. ಹಾಲು ಒಗ್ಗದವರಿಗೆ ಮೇಕೆ ಹಾಲು ಒಗ್ಗುತ್ತದೆ ಎಂಬ ಮಾತನ್ನೂ ಜೋಪಾನವಾಗಿ ತೆಗೆದುಕೊಳ್ಳಬೇಕು. ಲ್ಯಾಕ್ಟೋಸ್ ಅದರಲ್ಲಿ ಹಸುವಿನ ಹಾಲಿಗಿಂತ ತುಸುವಷ್ಟೇ ಕಡಿಮೆ. ಹಸುವಿನ ಹಾಲಿನ ಪ್ರೋಟೀನು ಅಲರ್ಜಿಯಾದವರಲ್ಲಿ ಹೆಚ್ಚಿನವರಿಗೆ ಇದೂ ಆಗಿಬರುವುದಿಲ್ಲ.

ಮೇಕೆ ಚೀಸ್ ಅಷ್ಟು ಬೆಳ್ಳಗಿರುವುದೇಕೆ? ಮೇವಿನಲ್ಲಿರುವ ಹಳದಿ ಬಣ್ಣದ ಬೀಟಾ ಕ್ಯಾರೊಟಿನನ್ನು ಮೇಕೆ ವಿಟಮಿನ್ ಎ ಆಗಿ ಬದಲಿಸಿಕೊಂಡು ಹಾಲಿಗೆ ಬಿಡುತ್ತದೆ. ಎಮ್ಮೆ ಹಾಲೂ ಬೆಳ್ಳಗಿರುವುದು ಹಾಗೆಯೇ. ಮೇಕೆ ಹಾಲಿನ ವಾಸನೆಯ ಮೂಲ ಅದರ ಕೊಬ್ಬಿನಲ್ಲಿದೆ. ಕ್ಯಾಪ್ರೋಯಿಕ್, ಕ್ಯಾಪ್ರಿಲಿಕ್, ಕ್ಯಾಪ್ರಿಕ್ ಎಂಬ ಗಿಡ್ಡ ಕೊಬ್ಬಿನಾಮ್ಲಗಳು ಇದರಲ್ಲಿ ಹಸುವಿನ ಹಾಲಿನ ಎರಡು ಪಟ್ಟಿನಷ್ಟಿವೆ. ಅವು ಕೊಬ್ಬಿನೊಳಗೆ ಕಟ್ಟಿಹಾಕಿಕೊಂಡಿರುವ ತನಕ ತೊಂದರೆಯಿಲ್ಲ. ಹಾಲನ್ನು ಕುಲುಕಾಡಿಸಿ, ತಣ್ಣಗಾಗಿಸದೆ ಇಟ್ಟರೆ ಬಿಡಿಬಿಡಿಯಾಗಿ ಹೋತದ ವಾಸನೆ ಹೊಡೆಯುತ್ತದೆ. ಕರೆದ ಕೂಡಲೇ ತಣಿಸಿದ ಹಾಲಿನ ತಾಜಾ ಚೀಸಿನಲ್ಲಿ ನಿಂಬೆಯ ಹುಳಿ, ಸಣ್ಣ ಘಮ, ಅಷ್ಟೇ.

ಮನೆಯಲ್ಲೇ ಚೀಸ್ ಕಟ್ಟುವುದಾದರೆ

ದೊಡ್ಡ ಊರುಗಳ ಸೂಪರ್ ಮಾರ್ಕೆಟ್ಟುಗಳಲ್ಲಿ ಮೇಕೆ ಚೀಸ್ ಸಿಗುತ್ತದೆ, ಬೆಲೆ ಕೈ ಕಚ್ಚುತ್ತದೆ. ಮೇಕೆ ಹಾಲು ಸಿಗುವವರು ಮನೆಯಲ್ಲೇ ಕಟ್ಟಬಹುದು. ಒಂದು ಲೀಟರಿಗೆ 150 ಗ್ರಾಂ ಹೆಚ್ಚುಕಮ್ಮಿ ಬರುತ್ತದೆ. ನಾಲ್ಕು ಜನರ ಮ್ಯಾಕರೋನಿಗೆ ಅದು ಸಾಕು.

ಹಸಿ ಹಾಲಿನಲ್ಲಿ ಮಾತ್ರ ಮಾಡಬೇಡಿ. ಇದರ ಹಿಂದೆ ಮಾಲ್ಟಾ ದ್ವೀಪದ ಒಂದು ಪಾಠವಿದೆ. ಅಲ್ಲಿನ ಬ್ರಿಟಿಷ್ ಸೈನಿಕರನ್ನು ತಿಂಗಳುಗಟ್ಟಲೆ ಕಾಡುತ್ತಿದ್ದ ಜ್ವರದ ರೋಗಾಣುವನ್ನು ಡೇವಿಡ್ ಬ್ರೂಸ್ 1887ರಲ್ಲಿ ಬೇರ್ಪಡಿಸಿದ. ಅದು ಎಲ್ಲಿಂದ ಬರುತ್ತದೆ ಎನ್ನುವುದು ಮುಂದೆ 18 ವರ್ಷ ತಿಳಿಯಲಿಲ್ಲ. 1905ರಲ್ಲಿ ಮಾಲ್ಟಾದವನೇ ಆದ ವೈದ್ಯ ಥೆಮಿಸ್ಟೊಕ್ಲೀಸ್ ಜಮ್ಮಿಟ್, ನೋಡಲು ಆರೋಗ್ಯವಾಗಿದ್ದ ಮೇಕೆಗಳಲ್ಲೇ ಆ ರೋಗಾಣು ಇರುವುದನ್ನು ತೋರಿಸಿದ. ಮರುವರ್ಷ ಸೈನಿಕರಿಗೆ ಮೇಕೆ ಹಾಲು ನಿಲ್ಲಿಸಿದ್ದೇ ಜ್ವರ ಸರ್ರನೆ ಇಳಿಯಿತು. ಬ್ರುಸೆಲ್ಲೋಸಿಸ್ ಎಂಬ ಆ ರೋಗ ನಮ್ಮ ಹಟ್ಟಿಗಳಲ್ಲೂ ಇದೆ. ಹಾಲು ಕಾಯಿಸಿದರೆ ರೋಗಾಣು ಸಾಯುತ್ತದೆ. ಅದೇ ಮಾಲ್ಟಾದಲ್ಲಿ ಇವತ್ತು ಆಡು, ಕುರಿಗಳ ಹಾಲಿನ ‘ಜ್ಬೆಯ್ನಾ’ ಎಂಬ ಪುಟ್ಟ ಚೀಸೂ ‘ಇಮ್ಆರುನ್ ಇಲ್ ಫೋರ್ನ್’ ಎಂಬ ಬೇಕ್ಡ್ ಮ್ಯಾಕರೋನಿಯೂ ಮನೆಮನೆಯ ತಿನಿಸು.

ಒಂದು ಲೀಟರ್ ಹಾಲನ್ನು ಕಾಯಿಸಿ, ಬೆರಳಿಗೆ ಉಗುರುಬೆಚ್ಚಗೆನಿಸುವಷ್ಟು ಆರಿಸಿ. ಎರಡು ಚಮಚ ತಾಜಾ ಮಜ್ಜಿಗೆ ಬೆರೆಸಿ. ಸಸ್ಯಮೂಲದ ಅಥವಾ ಸೂಕ್ಷ್ಮಜೀವಿಗಳಿಂದ ತೆಗೆದ ರೆನ್ನೆಟ್ ಸಿಕ್ಕಿದರೆ ಒಂದು ಹನಿಯನ್ನು ಕಾಲು ಲೋಟ ನೀರಿಗೆ ಬೆರೆಸಿ ಅದರಲ್ಲಿ ಒಂದೆರಡು ಚಮಚ ಹಾಕಬಹುದು, ಇಲ್ಲದಿದ್ದರೂ ನಡೆಯುತ್ತದೆ. ಮುಚ್ಚಿ 12ರಿಂದ 18 ಗಂಟೆ ಅಲುಗಿಸದೆ ಇಡಿ. ಬೆಂಗಳೂರು, ಮೈಸೂರಿನ ಹವೆ ಇದಕ್ಕೆ ಹದವಾದದ್ದು. ರಾಯಚೂರು, ಕಲಬುರಗಿಯ ಬೇಸಗೆಯಲ್ಲಿ ಎಂಟು ಗಂಟೆಗೇ ಹುಳಿ ಏರಿಬಿಡುತ್ತದೆ, ನಡುವೆ ನೋಡುತ್ತಿರಿ. ಮೇಕೆ ಹಾಲು ಹಸುವಿನ ಹಾಲಿನಷ್ಟು ಗಟ್ಟಿಯಾಗಿ ಹೆಪ್ಪುಗಟ್ಟುವುದಿಲ್ಲ. ಗಟ್ಟಿ ಕಟ್ಟು ಕೊಡುವ ಒಂದು ಬಗೆಯ ಕೇಸೀನು ಅದರಲ್ಲಿ ಕಡಿಮೆ. ತೆಳ್ಳಗಿದೆಯೆಂದು ಗಾಬರಿ ಬೇಡ.

ತೆಳುವಾದ ಹತ್ತಿ ಬಟ್ಟೆಗೆ ಸುರಿದು, ಗಂಟು ಕಟ್ಟಿ, ಫ್ರಿಜ್ಜಿನಲ್ಲಿ ಪಾತ್ರೆಯ ಮೇಲೆ ಎಂಟು ಹತ್ತು ಗಂಟೆ ತೂಗುಹಾಕಿ. ನೀರು ಇಳಿದ ಮೇಲೆ ಅರ್ಧ ಚಿಕ್ಕ ಚಮಚದಷ್ಟು ಉಪ್ಪು ಬೆರೆಸಿ. ನಾಲ್ಕು ದಿನದೊಳಗೆ ಮುಗಿಸಿ. ಇಳಿದ ನೀರನ್ನು ಚಪಾತಿ ಹಿಟ್ಟಿಗೋ ಸಾರಿಗೋ ಬಳಸಿ. ಅವಸರಕ್ಕೆ ನಿಂಬೆರಸ ಹಿಂಡಿ ಒಡೆದ ಹಾಲು ಇದಕ್ಕೆ ಬದಲಿಯಾಗದು. ಅದು ಪನೀರಿನ ಜಾತಿಯದು, ಸಾಸಿನಲ್ಲಿ ಕಾಳುಕಾಳಾಗಿಯೇ ಉಳಿಯುತ್ತದೆ.

ಬೇಯಿಸುವ ಬಗೆ

ನಾಲ್ಕು ಜನರಿಗೆ: ಮ್ಯಾಕರೋನಿ 250 ಗ್ರಾಂ, ಬೆಣ್ಣೆ 40 ಗ್ರಾಂ, ಮೈದಾ 40 ಗ್ರಾಂ, ಹಸುವಿನ ಹಾಲು 700 ಮಿಲಿ ಲೀಟರ್, ಮೇಕೆ ಚೀಸ್ 150 ಗ್ರಾಂ, ಚೆಡ್ಡರ್ ಅಥವಾ ಸಂಸ್ಕರಿಸಿದ ಚೀಸ್ 75 ಗ್ರಾಂ, ಕಾಳುಮೆಣಸಿನ ಪುಡಿ, ಚೂರು ಜಾಯಿಕಾಯಿ, ಎರಡು ಎಸಳು ಬೆಳ್ಳುಳ್ಳಿ, ಉಪ್ಪು. ಮೇಲೆ ಉದುರಿಸಲು ಒಂದು ಹಿಡಿ ಒಣ ಬ್ರೆಡ್ ಪುಡಿ, ಅದಕ್ಕೆ 15 ಗ್ರಾಂ ಬೆಣ್ಣೆ.

ಮ್ಯಾಕರೋನಿ ಕೊಳ್ಳುವಾಗ ಡ್ಯೂರಂ ಗೋಧಿಯ ರವೆಯದ್ದನ್ನೇ ನೋಡಿ. ಉತ್ತರ ಕರ್ನಾಟಕದ ಕರಿಮಣ್ಣಿನಲ್ಲಿ ಮಳೆಯಾಶ್ರಯದಲ್ಲಿ ಬೆಳೆಯುವ ಗಟ್ಟಿ ಕಾಳಿನ ಗೋಧಿ ಇದೇ ಜಾತಿಯದು. ಮೈದಾ ಬೆರೆತ ಮ್ಯಾಕರೋನಿ ಎರಡು ಸಲದ ಬಿಸಿಯನ್ನು ತಾಳದೆ ಮುದ್ದೆಯಾಗುತ್ತದೆ. ಎರಡೂವರೆ ಲೀಟರ್ ನೀರಿಗೆ ಒಂದೂವರೆ ದೊಡ್ಡ ಚಮಚ ಉಪ್ಪು ಹಾಕಿ ಕುದಿಸಿ, ಪೊಟ್ಟಣದಲ್ಲಿ ಹೇಳಿದ್ದಕ್ಕಿಂತ ಎರಡು ಮೂರು ನಿಮಿಷ ಮೊದಲೇ ಬಸಿಯಿರಿ. ಕಚ್ಚಿದರೆ ನಡುವೆ ಬಿಳಿ ಚುಕ್ಕೆ ಕಾಣಬೇಕು. ಉಳಿದ ಬೇಯುವಿಕೆ ಸಾಸಿನೊಳಗೆ ನಡೆಯುತ್ತದೆ. ಬಸಿದ ನೀರು ಒಂದು ಲೋಟ ಎತ್ತಿಡಿ.

ದಪ್ಪ ತಳದ ಪಾತ್ರೆಯಲ್ಲಿ ಬೆಣ್ಣೆ ಕರಗಿಸಿ, ಜಜ್ಜಿದ ಬೆಳ್ಳುಳ್ಳಿ ಬಾಡಿಸಿ, ಮೈದಾ ಹಾಕಿ ಸಣ್ಣ ಉರಿಯಲ್ಲಿ ಎರಡು ನಿಮಿಷ ಹುರಿಯಿರಿ. ಹಸಿ ವಾಸನೆ ಹೋಗಬೇಕು, ಬಣ್ಣ ಬರಬಾರದು. ಬೆಚ್ಚಗಿನ ಹಾಲನ್ನು ಮೊದಲು ಅರ್ಧ ಲೋಟ ಹಾಕಿ ಗಂಟಿಲ್ಲದಂತೆ ಕದಡಿ, ಆಮೇಲೆ ಉಳಿದದ್ದನ್ನು ಸುರಿಯಿರಿ. ಮೈದಾದ ಪಿಷ್ಟ ಪೂರ್ತಿ ಉಬ್ಬಲು ಹಾಲು ಕುದಿಯಲೇಬೇಕು. ಮಂದವಾಯಿತೆಂದು ಬೇಗ ಇಳಿಸಿದರೆ ಹಿಟ್ಟಿನ ರುಚಿ ಉಳಿಯುತ್ತದೆ. ತಳ ಹಿಡಿಯದಂತೆ ಕೈಯಾಡಿಸುತ್ತ ನಾಲ್ಕೈದು ನಿಮಿಷ ಕುದಿಸಿ, ಮೆಣಸು, ಜಾಯಿಕಾಯಿ ಹಾಕಿ ಒಲೆಯಿಂದ ಇಳಿಸಿ.

ಈಗ ಚೀಸಿನ ಸರದಿ. ಮೊದಲು ತುರಿದ ಚೆಡ್ಡರ್ ಅಥವಾ ಚೀಸ್ ಕ್ಯೂಬು. ಕರಗಿ ಎಳೆ ಬಿಡುವ ಕೆಲಸ ಚೆಡ್ಡರಿನದು. ಕ್ಯೂಬು ಹಾಕಿದರೆ ಅದರಲ್ಲಿರುವ ಉಪ್ಪುಗಳು ಇಡೀ ಸಾಸನ್ನು ನಯವಾಗಿ ಹಿಡಿಯುತ್ತವೆ, ಮೊದಲ ಸಲ ಮಾಡುವವರಿಗೆ ಇದು ಧೈರ್ಯ. ಎರಡು ನಿಮಿಷ ಆರಿದ ಮೇಲೆ ಮೇಕೆ ಚೀಸಿನಲ್ಲಿ 100 ಗ್ರಾಂ ತೆಗೆದು, ಬೇರೆ ಬಟ್ಟಲಲ್ಲಿ ಎರಡು ಸೌಟು ಸಾಸಿನೊಂದಿಗೆ ಮಿದ್ದು ನುಣ್ಣಗೆ ಮಾಡಿ, ಅದನ್ನು ಪಾತ್ರೆಗೆ ಬೆರೆಸಿ. ಉಪ್ಪು ಸೇರಿಸುವುದು ಈಗಲೇ, ರುಚಿ ನೋಡಿದ ಮೇಲೆ. ಚೀಸುಗಳಲ್ಲಿ ಸಾಕಷ್ಟು ಉಪ್ಪು ಇರುತ್ತದೆ.

ಮ್ಯಾಕರೋನಿ ಬೆರೆಸಿ, ಎತ್ತಿಟ್ಟ ನೀರಿನಿಂದ ಸಡಿಲ ಮಾಡಿ. ಪಾತ್ರೆ ಓರೆ ಮಾಡಿದರೆ ಸಾಸು ಹರಿಯಬೇಕು. ಇದು ಜಾಸ್ತಿ ತೆಳುವಾಯಿತೇನೋ ಎನಿಸುವುದೇ ಸರಿಯಾದ ಹದ, ಯಾಕೆಂದರೆ ಓವನ್ನಿನಲ್ಲಿ ಮ್ಯಾಕರೋನಿ ಕುಡಿಯುತ್ತಲೇ ಇರುತ್ತದೆ. ಬೆಣ್ಣೆ ಸವರಿದ ತಟ್ಟೆಗೆ ಸುರಿದು, ಉಳಿದ 50 ಗ್ರಾಂ ಮೇಕೆ ಚೀಸನ್ನು ನೆಲ್ಲಿಕಾಯಿ ಗಾತ್ರದ ಉಂಡೆಗಳಾಗಿ ಅಲ್ಲಲ್ಲಿ ಅರ್ಧ ಹುದುಗಿಸಿ. ಕರಗದ ಗುಣಕ್ಕೆ ಈಗ ಬೆಲೆ ಬಂತು. ಸಾಸಿನೊಳಗೆ ಸಮನಾಗಿ ಹರಡಿದ ಹುಳಿಯ ನಡುವೆ ಆಗಾಗ ಬಾಯಿಗೆ ಸಿಗುವ ಈ ಉಂಡೆಗಳೇ ಮೇಕೆ ಚೀಸು ಹಾಕಿದ್ದಕ್ಕೆ ಸಾಕ್ಷಿ.

ಬೆಣ್ಣೆಯಲ್ಲಿ ಹೊರಳಿಸಿದ ಬ್ರೆಡ್ ಪುಡಿ ಉದುರಿಸಿ, ಮೊದಲೇ 190 ಡಿಗ್ರಿಗೆ ಕಾಯಿಸಿದ ಓವನ್ನಿನಲ್ಲಿ 20ರಿಂದ 25 ನಿಮಿಷ ಇಡಿ. ಓಟಿಜಿಯಲ್ಲಿ ಎರಡೂ ಸರಳು ಹೊತ್ತಿರಲಿ. ಮೈಕ್ರೋವೇವ್ ಆದರೆ ಕನ್ವೆಕ್ಷನ್ ಮೋಡಿನಲ್ಲೇ ಮಾಡಿ, ಬರೀ ಮೈಕ್ರೋವೇವಿನಲ್ಲಿ ಮೇಲ್ಭಾಗ ಕೆಂಪಾಗದು. ಒಳಗಿನ ತಿನಿಸು ನೀರಿನ ಕುದಿಬಿಸಿಯನ್ನು ಮೀರುವುದಿಲ್ಲ. ಒಣಗಿದ ಮೇಲ್ಪದರ ಮಾತ್ರ 140 ಡಿಗ್ರಿ ದಾಟಿ ಕೆಂಬಣ್ಣ, ಹುರಿದ ಘಮ ಪಡೆಯುತ್ತದೆ. ಓವನ್ ಇಲ್ಲದವರು ದಪ್ಪ ಬಾಣಲೆಯಲ್ಲಿ ಮುಚ್ಚಿ ಸಣ್ಣ ಉರಿಯಲ್ಲಿ ಹತ್ತು ನಿಮಿಷ ಬಿಸಿ ಮಾಡಿ, ಬ್ರೆಡ್ ಪುಡಿಯನ್ನು ಬೇರೆಯಾಗಿ ಕೆಂಪಗೆ ಹುರಿದು ಬಡಿಸುವಾಗ ಉದುರಿಸಬಹುದು. ಹೊರತೆಗೆದ ಮೇಲೆ ಹತ್ತು ನಿಮಿಷ ಮುಟ್ಟಬೇಡಿ. ಪಿಷ್ಟ ತಣಿದಂತೆ ಸಾಸು ಗಟ್ಟಿಯಾಗಿ ತುಂಡು ನಿಲ್ಲುತ್ತದೆ.

ಜೊತೆಗೆ ಏನು?

ಫ್ರೆಂಚರು ಮೇಕೆ ಚೀಸಿಗೆ ಥೈಮ್ ಸೊಪ್ಪು, ಜೇನು, ಅಕ್ರೋಟು ಹೊಂದಿಸುತ್ತಾರೆ. ನಮ್ಮ ಸಂತೆಯಲ್ಲಿ ಅದಕ್ಕೆ ತಕ್ಕ ಜೋಡಿ ಸಬ್ಬಸಿಗೆ. ಸಣ್ಣಗೆ ಹೆಚ್ಚಿದ ಒಂದು ಹಿಡಿಯನ್ನು ಸಾಸಿಗೆ ಬೆರೆಸಿದರೆ ಹುಳಿ, ಕೆನೆ, ಸೊಪ್ಪಿನ ಘಮ ಮೂರೂ ಕೂಡಿಬರುತ್ತವೆ. ಬೇಯಿಸಿದ ಬೀಟ್‌ರೂಟ್ ಹೋಳು, ನೀರು ಹಿಂಡಿದ ಪಾಲಕ್, ನಿಧಾನವಾಗಿ ಕೆಂಪಗೆ ಹುರಿದ ಈರುಳ್ಳಿಯೂ ಆಗುತ್ತವೆ. ಹಸಿ ಟೊಮೆಟೊ ಬೇಡ. ನೀರು ಬಿಟ್ಟು ಸಾಸು ಕೆಡಿಸುತ್ತದೆ. ಉಳಿದದ್ದನ್ನು ಮರುದಿನ ಚೌಕವಾಗಿ ಕತ್ತರಿಸಿ ಹೆಂಚಿನ ಮೇಲೆ ಎರಡೂ ಬದಿ ಗರಿಗರಿಯಾಗಿ ಕಾಯಿಸಿದರೆ ಬೆಳಗಿನ ತಿಂಡಿ ಆಯಿತು. ಓವನ್ನಿನಲ್ಲೇ ಬಿಸಿ ಮಾಡುವುದಾದರೆ ಎರಡು ಚಮಚ ಹಾಲು ಚಿಮುಕಿಸಿ ಮುಚ್ಚಿಡಿ.

ಒಮ್ಮೆ ಈ ಲೆಕ್ಕ ಕೈಗೆ ಬಂದರೆ ಮೇಕೆ ಚೀಸು ಸಿಗದ ದಿನವೂ ಅಡುಗೆ ನಿಲ್ಲುವುದಿಲ್ಲ. ಫೆಟಾ, ಕ್ರೀಮ್ ಚೀಸ್, ನೀರು ಇಳಿಸಿದ ಗಟ್ಟಿ ಮೊಸರು ಎಲ್ಲಕ್ಕೂ ಇದೇ ಸಾಸು ನಡೆಯುತ್ತದೆ. ಅಂಗಡಿಯಲ್ಲಿ ಗುರುತಿಲ್ಲದ ಚೀಸು ಸಿಕ್ಕಿದರೆ ಹೆಸರು ನೋಡುವ ಮೊದಲು ಚೂರು ಬಾಯಿಗೆ ಹಾಕಿಕೊಳ್ಳಿ. ಹುಳಿಯಿಲ್ಲದಿದ್ದರೂ ಕರಗದ ಹಲ್ಲೂಮಿಯಂಥ ಒಂದೆರಡು ಹಟಮಾರಿಗಳನ್ನು ಬಿಟ್ಟರೆ ನಾಲಿಗೆಯೇ ಸಾಕಷ್ಟು ಹೇಳಿಬಿಡುತ್ತದೆ: ಮೊಸರಿನ ಹುಳಿ ತಾಗಿದರೆ ಮೈದಾ ಹುರಿಯಲು ಶುರುಮಾಡಿ, ತಾಗದಿದ್ದರೆ ತುರಿದು ನೇರ ಓವನ್ನಿಗೆ ಹಾಕಿ.